ಪಾಠಶಾಲೆಯೂ ಸೀರಣಿಗೆಯೂ

೧

ಕನ್ನಡ ನುಡಿಯು ತಲೆಯ ಹೇನನ್ನೂ ಬಟ್ಟೆಯ ಹೇನನ್ನೂ ಒಂದೇ ಹೆಸರಿನಿಂದ ಕರೆಯುವುದಿಲ್ಲ. ಕೂದಲಿನಲ್ಲಿ ವಾಸಿಸತಕ್ಕುದು ಹೇನು. ಉಟ್ಟ ಬಟ್ಟೆಯ ಹೊಲಿಗೆಗಳಲ್ಲಿ ಅಡಗಿದ್ದು ಮೈಯನ್ನು ಕಡಿಯತಕ್ಕುದು ಕೂರೆ. ಕೂದಲಿಗೆ ಅಂಟಿಕೊಂಡಿರುವ ತತ್ತಿಯು ಸೀರು. ಹೇನೆಂಬುದರ ಹಳಗನ್ನಡ ರೂಪವು ಪೇನ್ ಎಂದಿದ್ದಿತು. ತಮಿಳಿನ ಪೇನ್, ತೆಲುಗಿನ ಪೇನು ಎಂಬ ಶಬ್ದಗಳನ್ನು ಇದರೊಡನೆ ಹೋಲಿಸಿ ನೋಡಿದರೆ, ಈ ಜಂತುವಿನ ಪರಿಚಯವೂ ಹೆಸರೂ ಈ ಭಾಷೆಗಳು ಕವಲೊಡೆಯುವುದಕ್ಕೆ ಮುಂಚಿನವೆಂಬುದು ವಿದಿತವಾಗುತ್ತದೆ. ಸೀರನ್ನು ತೆಗೆಯುವ ಒತ್ತುಹಲ್ಲಿನ ಹಣಿಗೆಗೆ ಸೀರಣಿಗೆಯೆಂದು ಹೆಸರು.

ಸಂಸ್ಕೃತದಲ್ಲಿ ಹೇನಿಗೆ ಯೂಕಾ ಎಂದೂ ಸೀರಿಗೆ ಲಿಕ್ಷಾ ಎಂದೂ ಹೆಸರುಗಳು. ಇವೆರಡೂ ಎಷ್ಟು ಪರಿಚಿತವಾಗಿದ್ದುವೆಂದರೆ, ಕೌಟಿಲ್ಯನ ಅರ್ಥಶಾಸ್ತ್ರದ ಮಾನಾಧ್ಯಾಯದಲ್ಲಿ ಉದ್ದದ ಅಳತೆಗಳಾಗಿಯೇ ಬಂದಿವೆ: ಎಂಟು ಲಿಕ್ಷೆಗಳಿಗೆ ಒಂದು ಯೂಕೆ, ಎಂಟು ಯೂಕೆಗಳಿಗೆ ಒಂದು ಯವಮಧ್ಯ, ಎಂಟು ಯವಮಧ್ಯಗಳಿಗೆ ಒಂದು ಅಂಗುಲ. ಚರಕಸಂಹಿತೆಯ ವಿಮಾನಸ್ಥಾನವು ಯೂಕೆಯನ್ನು ದೇಹದ ಹೊರಗಿನ ಮಲದಿಂದ ಹುಟ್ಟುವ ಕ್ರಿಮಿಗಳಲ್ಲಿ ಸೇರಿಸಿ, ಶುಚಿತ್ವವನ್ನು ಬಿಡುವುದೇ ಅದಕ್ಕೆ ಕಾರಣವೆಂದು ಹೇಳುತ್ತದೆ. ಚಿಕಿತ್ಸೆಯಲ್ಲಿ ಮೊದಲು ಹೇಳಿರುವುದು ಅಪಕರ್ಷಣ, ಎಂದರೆ ಹಿಡಿದು ಹೊರಗೆ ತೆಗೆಯುವುದು. ಮಲವನ್ನು ಕಳೆಯುವುದೂ ಮಲವನ್ನುಂಟುಮಾಡುವ ಸಂಗತಿಗಳನ್ನು ವರ್ಜಿಸುವುದೂ ಅದರ ತರುವಾಯ ಬರುತ್ತವೆ.

ಹೇನು ತೆಗೆಯುವ ಹಣಿಗೆಗೆ ಲಿಪಿಯ ಚರಿತ್ರೆಯಲ್ಲಿಯೂ ಒಂದು ಸ್ಥಾನವುಂಟು. ಪ್ಯಾಲೆಸ್ತೀನ್ ಪ್ರಾಂತದ ಪ್ರಾಚೀನ ಕಾನಾನ್ ನಗರವಾದ ಲಾಖೀಷಿನ ಅಗೆತದಲ್ಲಿ ೨೦೧೬ರಲ್ಲಿ ದಂತದ ಒಂದು ಚಿಕ್ಕ ಬಾಚಣಿಗೆಯು ದೊರಕಿತು. ಅದರ ಮೇಲೆ ಕೊರೆದಿದ್ದ ಅಕ್ಷರಗಳನ್ನು ಓದಿದ ವಿದ್ವಾಂಸರು ೨೦೨೨ರಲ್ಲಿ ತಮ್ಮ ಅಭಿಪ್ರಾಯವನ್ನು ಪ್ರಕಟಿಸಿದರು. ಬರಹದ ಕಾಲ ಸುಮಾರು ಕ್ರಿ. ಪೂ. ೧೭೦೦, ಅದರ ತಾತ್ಪರ್ಯ, ಕೂದಲಿನ ಮತ್ತು ಗಡ್ಡದ ಹೇನುಗಳನ್ನು ಈ ದಂತವು ನಿರ್ಮೂಲಮಾಡಲಿ ಎಂಬ ಹಾರೈಕೆ. ಹಣಿಗೆಯ ಹಲ್ಲಿನ ಸಂದಿನಲ್ಲಿ ಹೇನಿನ ಮರಿಯ ಅವಶೇಷವೂ ಕಂಡುಬಂದಿತು. ವರ್ಣಮಾಲೆಯ ಲಿಪಿಯಲ್ಲಿ ಬರೆದ ಪೂರ್ಣವಾಕ್ಯಗಳಲ್ಲಿ ಅತ್ಯಂತ ಪ್ರಾಚೀನವಾದವುಗಳ ಪಂಕ್ತಿಯಲ್ಲಿ ಈ ಗೃಹಕೃತ್ಯದ ವಾಕ್ಯವು ನಿಂತಿರುವುದು ಗಮನಾರ್ಹ.

ಹೀಗೆ ಬಹುಕಾಲದವರೆಗೆ ಹೇನಿನ ನಿವಾರಣೆಯು ಮನೆಯ ಕೆಲಸವಾಗಿಯೇ ಇದ್ದಿತು. ತಾಯಿಯ ಮಡಿಲು, ಹಗಲಿನ ಬೆಳಕು, ಕೈಯಲ್ಲೊಂದು ಹಣಿಗೆ, ಇಷ್ಟೇ ಅದರ ಸಾಧನಗಳು. ಈ ಕೆಲಸದಲ್ಲಿ ಸರ್ಕಾರವು ಕೈಯಿಟ್ಟುದು ಯಾವಾಗ, ಏಕೆ, ಅದರಿಂದ ಮಕ್ಕಳಿಗಾದ ಲಾಭನಷ್ಟಗಳೇನು ಎಂಬುದನ್ನು ತಿಳಿಯಲು ಇಂಗ್ಲೆಂಡಿನ ಚರಿತ್ರೆಯು ಉತ್ತಮವಾದ ಸಾಮಗ್ರಿಯನ್ನು ಒದಗಿಸುತ್ತದೆ. ಏಕೆಂದರೆ ಅಲ್ಲಿ ಕಾಯಿದೆ, ದಾದಿ, ನ್ಯಾಯಾಲಯ, ಔಷಧ ಇವೆಲ್ಲವೂ ಒಂದಾದಮೇಲೊಂದು ಪರೀಕ್ಷಿಸಲ್ಪಟ್ಟುವು.

೨

ಇಂಗ್ಲೆಂಡಿನಲ್ಲಿ ೧೮೭೦ರ ಪ್ರಾಥಮಿಕ ಶಿಕ್ಷಣದ ಕಾಯಿದೆಯಿಂದ ಊರೂರಿಗೂ ಶಾಲೆಗಳು ಏರ್ಪಟ್ಟುವು. ೧೮೮೦ರಲ್ಲಿ ಹಾಜರಿಯು ಕಡ್ಡಾಯವಾಯಿತು. ೧೮೯೧ರ ಕಾಯಿದೆಯಿಂದ ಬಹುಮಟ್ಟಿಗೆ ಫೀಜೂ ತಪ್ಪಿತು. ಇದರ ಪರಿಣಾಮವಾಗಿ ಅದುವರೆಗೆ ಶಾಲೆಯ ಬಾಗಿಲನ್ನು ಕಾಣದಿದ್ದ ಕಡುಬಡವರ ಮಕ್ಕಳು ಐವತ್ತು ಅರುವತ್ತರ ಗುಂಪಾಗಿ ಒಂದೇ ಕೋಣೆಯಲ್ಲಿ ಕುಳಿತರು. ಒಂದೇ ಕೊಠಡಿಯಲ್ಲಿ ಸಂಸಾರವೆಲ್ಲವೂ ಮಲಗುವ, ನೀರಿನ ಕೊಳಾಯಿಗೆ ಅಂಗಳಕ್ಕೆ ಇಳಿದು ಬರಬೇಕಾಗಿದ್ದ, ಬಿಸಿನೀರಿಗೆ ಕಲ್ಲಿದ್ದಲ ಕಾಸನ್ನು ಎಣಿಸಬೇಕಾಗಿದ್ದ ಮನೆಗಳಿಂದ ಆ ಮಕ್ಕಳು ಬರುತ್ತಿದ್ದರು. ಹೇನು ಹಾರಲಾರದು, ನೆಗೆಯಲಾರದು. ತಲೆಗೆ ತಲೆ ತಾಗಿದಾಗ ಕೂದಲಿನಿಂದ ಕೂದಲಿಗೆ ನಡೆದು ಹೋಗುತ್ತದೆ. ಒಂದೇ ಬೆಂಚಿನಲ್ಲಿ ಒತ್ತಿಕೊಂಡು ಕುಳಿತು ಒಂದೇ ಪುಸ್ತಕವನ್ನು ನೋಡುವ ಮಕ್ಕಳಲ್ಲಿ ಅದಕ್ಕೆ ದಾರಿಯು ಸುಗಮವಾಗಿದ್ದಿತು.

ಆದರೂ ಹೇನನ್ನು ಶಾಲೆಯೇ ಸೃಷ್ಟಿಸಿತೆಂದು ಹೇಳುವುದು ಸರಿಯಲ್ಲ. ಮನೆಮನೆಗಳಲ್ಲಿ ಚೆದುರಿದ್ದುದನ್ನು ಶಾಲೆಯು ಒಂದೆಡೆಗೆ ತಂದು ಕಣ್ಣಿಗೆ ಕಾಣುವಂತೆ ಮಾಡಿತು. ಲಂಡನ್ನಿನ ಶಾಲಾಮಂಡಲಿಯು ೧೮೯೦ರಲ್ಲಿ ಒಬ್ಬ ವೈದ್ಯಾಧಿಕಾರಿಯನ್ನು ನೇಮಿಸಿತು. ಬ್ರಾಡ್‌ಫರ್ಡ್ ನಗರದಲ್ಲಿ ೧೮೯೩ರಿಂದ ಡಾಕ್ಟರ್ ಜೇಮ್ಸ್ ಕೆರ್ ಎಂಬವರು ಶಾಲಾವೈದ್ಯರಾಗಿದ್ದರು. ಅದೇ ನಗರದ ಶಾಲಾಮಂಡಲಿಯ ಸದಸ್ಯೆಯಾಗಿದ್ದ ಮಾರ್ಗರೆಟ್ ಮ್ಯಾಕ್‌ಮಿಲನ್ ಎಂಬಾಕೆಯು, ಕೊಳೆಯಾದ ಮಗುವನ್ನು ನಿಂದಿಸುವ ಬದಲು ಅದಕ್ಕೆ ನೀರನ್ನು ಒದಗಿಸಬೇಕೆಂದು ವಾದಿಸಿದವರಲ್ಲಿ ಮುಖ್ಯಳು. ಅಲ್ಲಿಯ ವಾಪಿಂಗ್ ರಸ್ತೆಯ ಶಾಲೆಯಲ್ಲಿ ೧೮೯೭ರಲ್ಲಿ ಮಕ್ಕಳಿಗಾಗಿ ಸ್ನಾನಗೃಹವು ತೆರೆಯಲ್ಪಟ್ಟಿತು.

ಅದೇ ೧೮೯೭ರಲ್ಲಿ ಪಾರ್ಲಿಮೆಂಟು ಶುಚೀಕರಣದ ಒಂದು ಚಿಕ್ಕ ಕಾಯಿದೆಯನ್ನು ಅಂಗೀಕರಿಸಿತು. ಮೈಯಲ್ಲಾಗಲಿ ಬಟ್ಟೆಯಲ್ಲಾಗಲಿ ಹೇನಿರುವವರು ಕೇಳಿಕೊಂಡರೆ ಸ್ಥಳೀಯ ಸಂಸ್ಥೆಗಳು ತಮ್ಮ ಶುಚೀಕರಣ ಸಾಮಗ್ರಿಯನ್ನು ಅವರಿಗೆ ಉಚಿತವಾಗಿ ಒದಗಿಸಬಹುದೆಂದು ಅದು ವಿಧಿಸಿತು. ಈ ಸಹಾಯವನ್ನು ಪಡೆದವರನ್ನು ಧರ್ಮಾರ್ಥದಿಂದ ಬದುಕುವವರೆಂದು ಎಣಿಸತಕ್ಕುದಲ್ಲ, ಅವರ ಹಕ್ಕುಬಾಧ್ಯತೆಗಳಿಗೆ ಅದರಿಂದ ಕುಂದು ಬರತಕ್ಕುದಲ್ಲ ಎಂಬ ಮಾತನ್ನೂ ಕಾಯಿದೆಯಲ್ಲಿಯೇ ಸೇರಿಸಿದರು. ಬಡವನು ಸರ್ಕಾರದ ನೆರವಿಗೆ ಕೈಯೊಡ್ಡಿದರೆ ಮತದಾನದ ಹಕ್ಕನ್ನು ಕಳೆದುಕೊಳ್ಳುತ್ತಿದ್ದ ಆ ಕಾಲದಲ್ಲಿ ಇದು ಅಲ್ಪವಾದ ಮಾತಲ್ಲ. ಶುಚಿಯಾಗಬೇಕೆಂದು ಬಂದವನ ಮಾನವನ್ನು ಕಾಯುವ ಹೊಣೆಯೂ ಸರ್ಕಾರದ್ದೆಂಬ ತತ್ತ್ವವು ಅದರಲ್ಲಿ ಅಡಗಿತ್ತು. ಹನ್ನೊಂದು ವರ್ಷಗಳ ತರುವಾಯ ಬಂದ ಇನ್ನೊಂದು ಕಾಯಿದೆಯು ಬೇರೊಂದು ಮಾರ್ಗವನ್ನು ಹಿಡಿಯಿತು.

೩

ದಕ್ಷಿಣ ಆಫ್ರಿಕದ ಬೋಯರ್ ಯುದ್ಧಕ್ಕೆ ಸೈನಿಕರನ್ನು ಆರಿಸುವಾಗ ನಗರಗಳ ತರುಣರಲ್ಲಿ ಅನೇಕರು ದೇಹಬಲವಿಲ್ಲದವರೆಂದು ತಿರಸ್ಕರಿಸಲ್ಪಟ್ಟುದು ಆಳುವವರಲ್ಲಿ ಕಳವಳವನ್ನು ಹುಟ್ಟಿಸಿತು. ಜನರ ದೇಹಸ್ಥಿತಿಯನ್ನು ವಿಚಾರಿಸಲು ನೇಮಿಸಿದ ಸಮಿತಿಯು ೧೯೦೪ರಲ್ಲಿ ಶಾಲಾಮಕ್ಕಳ ವೈದ್ಯಪರೀಕ್ಷೆಯನ್ನು ಶಿಫಾರಸುಮಾಡಿತು. ೧೯೦೭ರ ಶಿಕ್ಷಣಾಡಳಿತದ ಕಾಯಿದೆಯು ಅದನ್ನು ಸ್ಥಳೀಯ ಶಿಕ್ಷಣಾಧಿಕಾರ ಸಂಸ್ಥೆಗಳ ಕರ್ತವ್ಯವನ್ನಾಗಿ ವಿಧಿಸಿತು. ಡಾಕ್ಟರ್ ಜಾರ್ಜ್ ನ್ಯೂಮನ್ ಎಂಬವರು ಶಿಕ್ಷಣ ಇಲಾಖೆಯ ಮುಖ್ಯ ವೈದ್ಯಾಧಿಕಾರಿಗಳಾಗಿ ನಿಯಮಿತರಾದರು.

ಮುಂದಿನ ವರ್ಷದ, ಎಂದರೆ ೧೯೦೮ರ, ಮಕ್ಕಳ ಕಾಯಿದೆಯ ೧೨೨ನೆಯ ಕಲಮು ಪ್ರಕೃತ ವಿಷಯಕ್ಕೆ ಅತ್ಯಂತ ಮುಖ್ಯವಾದುದು. ಸರ್ಕಾರಿ ಪ್ರಾಥಮಿಕ ಶಾಲೆಯ ಯಾವ ಮಗುವಿನ ಮೈಯನ್ನೂ ಬಟ್ಟೆಯನ್ನೂ ಪರೀಕ್ಷಿಸಲು ವೈದ್ಯಾಧಿಕಾರಿಗೂ, ಲಿಖಿತವಾದ ಅಧಿಕಾರವನ್ನು ಪಡೆದ ಇತರರಿಗೂ ಅದು ಹಕ್ಕನ್ನು ಕೊಟ್ಟಿತು. ಕ್ರಿಮಿಗಳು ಕಂಡುಬಂದರೆ ಇಪ್ಪತ್ತನಾಲ್ಕು ಗಂಟೆಗಳೊಳಗಾಗಿ ಮಗುವನ್ನು ಶುಚಿಮಾಡಬೇಕೆಂದು ತಂದೆತಾಯಿಗಳಿಗೆ ನೋಟೀಸು ಹೋಗುವುದು. ಅವರು ಹಾಗೆ ಮಾಡದಿದ್ದರೆ ಮಗುವನ್ನು ಶಾಲೆಯಿಂದ ಕರೆದೊಯ್ದು ಅಧಿಕಾರಿಗಳೇ ಶುಚಿಮಾಡಿಸುವರು. ತರುವಾಯ ತಂದೆತಾಯಿಗಳ ಅಲಕ್ಷ್ಯದಿಂದ ಮಗುವು ಮತ್ತೆ ಅದೇ ಸ್ಥಿತಿಗೆ ಬಂದರೆ ಹತ್ತು ಷಿಲಿಂಗುಗಳವರೆಗೆ ಜುಲ್ಮಾನೆ. ಹೆಣ್ಣುಮಕ್ಕಳನ್ನು ವೈದ್ಯರಾಗಲಿ ಅಧಿಕೃತಳಾದ ಹೆಂಗಸಾಗಲಿ ಹೊರತು ಮತ್ತಾರೂ ಪರೀಕ್ಷಿಸಕೂಡದೆಂಬ ನಿಬಂಧನೆಯೂ ಅದರಲ್ಲಿದ್ದಿತು.

ಈ ಕಲಮಿನ ಭಾಷೆಯನ್ನು ವಿಮರ್ಶಿಸಿದರೆ ಎರಡು ಅಂಶಗಳು ಗೋಚರವಾಗುತ್ತವೆ. ಮೊದಲನೆಯದಾಗಿ, ಹೇನು, ಕೂರೆ, ಚಿಗಟ, ತಗಣೆ ಎಲ್ಲವೂ ಅದರಲ್ಲಿ ಕ್ರಿಮಿಗಳೆಂಬ ಒಂದೇ ಮಾತಿನೊಳಗೆ ಅಡಕವಾಗಿವೆ. ಕೊಳೆತನವನ್ನು ಕುರಿತ ಮಾತೂ ಅದೇ ವಾಕ್ಯದಲ್ಲಿದೆ. ಕನ್ನಡದ ಹೆಂಗಸರು ಆಡುಮಾತಿನಲ್ಲಿಯೇ ಮಾಡುತ್ತಿದ್ದ ವಿಂಗಡಣೆಯು ಆ ಕಾಯಿದೆಯಲ್ಲಿಲ್ಲ. ಈ ಭೇದವು ಬರಿಯ ಶಬ್ದಭೇದವಲ್ಲ. ಟ್ಯೂನಿಸ್ ನಗರದಲ್ಲಿದ್ದ ಷಾರ್ಲ್ ನಿಕೋಲ್ ಎಂಬ ಫ್ರೆಂಚ್ ವಿಜ್ಞಾನಿಯು ೧೯೦೯ರಲ್ಲಿ, ಟೈಫಸ್ ಎಂಬ ಮಾರಕಜ್ವರವು ಕೂರೆಯ ಮೂಲಕ ಹರಡುವುದೆಂದು ತೋರಿಸಿದನು. ಇದಕ್ಕಾಗಿ ಅವನಿಗೆ ೧೯೨೮ರಲ್ಲಿ ನೊಬೆಲ್ ಬಹುಮಾನವು ದೊರಕಿತು. ಕೂರೆಯು ಬಟ್ಟೆಯನ್ನು ಬದಲಾಯಿಸಲಾರದ ದುಃಸ್ಥಿತಿಯಲ್ಲಿ ಬೆಳೆಯುತ್ತದೆ. ತಲೆಯ ಹೇನಾದರೋ ತುರಿಕೆಯನ್ನು ತರುವುದು, ಕೆರೆದ ಗಾಯವು ಕೀವಾಗುವುದು, ಇದಕ್ಕಿಂತ ಹೆಚ್ಚಿನ ಕೇಡನ್ನು ಸಾಮಾನ್ಯವಾಗಿ ಮಾಡುವುದಿಲ್ಲ. ತೊಳೆದ ಕೂದಲಿಗೂ ತೊಳೆಯದ ಕೂದಲಿಗೂ ಅದು ಭೇದವೆಣಿಸುವುದಿಲ್ಲ. ಕೂರೆಯ ಅಪಕೀರ್ತಿಯನ್ನು ಹೇನಿರುವ ಮಗುವು ಹೊರಬೇಕಾಗಿ ಬಂದಿತು.

ಎರಡನೆಯದಾಗಿ, ಕಾಯಿದೆಯು ಮಗುವನ್ನು ಶುಚಿಮಾಡಿತು, ಮನೆಯನ್ನು ದಂಡಿಸಿತು. ಆ ಮನೆಗೆ ಹಣಿಗೆಯನ್ನಾಗಲಿ ಬಿಸಿನೀರನ್ನಾಗಲಿ ಒದಗಿಸುವ ಮಾತನ್ನು ಈ ಕಲಮು ಎತ್ತಲಿಲ್ಲ. ಕೆಲವು ಕಡೆಗಳಲ್ಲಿ ಅಧಿಕಾರಿಗಳು ಇನ್ನೊಂದು ಉಪಾಯವನ್ನೂ ಹಿಡಿದರು. ಹೇನಿರುವ ಮಗುವನ್ನು ಶಾಲೆಯಿಂದ ಹೊರಗೆ ಕಳುಹಿಸುವುದು, ತರುವಾಯ ಮಗುವು ಶಾಲೆಗೆ ಬರಲಿಲ್ಲವೆಂದು ತಂದೆಯ ಮೇಲೆ ಹಾಜರಿಯ ಕಾಯಿದೆಯಂತೆ ಮೊಕದ್ದಮೆ ಹೂಡುವುದು. ಸೇರಿಸಿಕೊಳ್ಳಲಾರದ ಸ್ಥಿತಿಯಲ್ಲಿ ಮಗುವನ್ನು ಕಳುಹಿಸಿದವನು ಶಾಲೆಗೆ ಕಳುಹಿಸಿದಂತಾಗಲಿಲ್ಲವೆಂಬ ವಾದವನ್ನು ೧೯೨೨ರ ಒಂದು ವ್ಯಾಜ್ಯದಲ್ಲಿ ಉಚ್ಚನ್ಯಾಯಾಲಯವೂ ಒಪ್ಪಿಕೊಂಡಿತು. ತರ್ಕದಲ್ಲಿ ಇದು ಸರಿಯೆಂದು ತೋರಬಹುದು. ಆದರೆ ಬಾಗಿಲ ಹೊರಗೆ ನಿಂತ ಮಗುವಿಗೆ ಆ ದಿನಗಳ ಪಾಠವಂತೂ ತಪ್ಪಿತು.

೪

ಹೊರಗೆ ಹಾಕುವ ಈ ಪದ್ಧತಿಯನ್ನು ಬಿಟ್ಟರೆ ಏನಾಗುವುದೆಂಬ ಪ್ರಶ್ನೆಗೆ ಇಂಗ್ಲೆಂಡಿನ ಕಾಯಿದೆಗೆ ಕೆಲವು ವರ್ಷಗಳ ಮುಂಚೆಯೇ ಅಮೆರಿಕದ ನ್ಯೂಯಾರ್ಕ್ ನಗರದಲ್ಲಿ ಉತ್ತರವು ದೊರೆತಿತ್ತು. ಅಲ್ಲಿ ೧೮೯೭ರಿಂದ ವೈದ್ಯರು ಶಾಲೆಗಳನ್ನು ಪರೀಕ್ಷಿಸುತ್ತಿದ್ದರು. ಹೇನು, ಕಣ್ಣುಬೇನೆ, ಹುಳುಕಡ್ಡಿ, ಕಜ್ಜಿ ಇವುಗಳಲ್ಲಿ ಒಂದು ಕಂಡರೂ ಮಗುವಿನ ಕೈಗೆ ಒಂದು ಚೀಟಿಯನ್ನು ಕೊಟ್ಟು ಮನೆಗೆ ಕಳುಹಿಸುವರು. ಪರದೇಶಗಳಿಂದ ಆಗತಾನೆ ಬಂದು ನೆಲಸಿದ್ದ ತಾಯಿತಂದೆಗಳಲ್ಲಿ ಅನೇಕರು ಆ ಚೀಟಿಯನ್ನು ಓದಲಾರರು. ಓದಿದವರಿಗೂ ಮುಂದೆ ಮಾಡತಕ್ಕುದೇನೆಂದು ತಿಳಿಯದು. ಮಗುವು ಬೀದಿಯಲ್ಲಿ ಅದೇ ಸಹಪಾಠಿಗಳೊಡನೆ ಸಂಜೆ ಆಡುತ್ತಲೇ ಇರುವುದು.

ಬಡವರ ಕೇರಿಯಲ್ಲಿ ಹೆನ್ರಿ ಬೀದಿಯ ಸೇವಾಗೃಹವನ್ನು ನಡೆಸುತ್ತಿದ್ದ ಲಿಲಿಯನ್ ವಾಲ್ಡ್ ಎಂಬ ದಾದಿಗೆ ಇದರ ಅರ್ಥಶೂನ್ಯತೆಯು ಚೆನ್ನಾಗಿ ತಿಳಿದಿತ್ತು. ತಲೆಯಲ್ಲಿ ಹುಣ್ಣಿದ್ದುದರಿಂದ ಹನ್ನೆರಡು ವರ್ಷ ವಯಸ್ಸಾದರೂ ಶಾಲೆಯನ್ನು ಕಾಣದೆ, ಓದು ಬಾರದೆ ಇದ್ದ ಒಬ್ಬ ಹುಡುಗನಿಗೆ ಆಕೆಯು ಲೇಪವನ್ನು ಹಚ್ಚುವ ಕ್ರಮವನ್ನು ಮನೆಯವರಿಗೆ ತೋರಿಸಿಕೊಟ್ಟು, ಅವನನ್ನು ಶಾಲೆಗೆ ಸೇರಿಸಿದ ಸಂಗತಿಯನ್ನು ತನ್ನ ಗ್ರಂಥದಲ್ಲಿ ಹೇಳಿದ್ದಾಳೆ. ಆಕೆಯ ಪ್ರೇರಣೆಯಿಂದ ೧೯೦೨ರ ಅಕ್ಟೋಬರಿನಲ್ಲಿ ಲೀನಾ ರಾಜರ್ಸ್ ಎಂಬ ದಾದಿಯು ಒಂದು ತಿಂಗಳ ಪರೀಕ್ಷಾರ್ಥವಾಗಿ ನಾಲ್ಕು ಶಾಲೆಗಳಿಗೆ ನಿಯಮಿತಳಾದಳು. ಆಕೆಯು ಮಾಡಿದುದು ಅದ್ಭುತವಾದುದೇನೂ ಅಲ್ಲ. ಸಣ್ಣಪುಟ್ಟ ಬೇನೆಗಳಿಗೆ ಶಾಲೆಯಲ್ಲಿಯೇ ಮದ್ದು ಹಚ್ಚಿ ಮಗುವನ್ನು ತರಗತಿಗೆ ಕಳುಹಿಸುವಳು. ಸಂಜೆಯ ಹೊತ್ತು ಮನೆಗೆ ಹೋಗಿ ತಾಯಿಯ ಎದುರಿನಲ್ಲಿ ಮಗುವಿನ ತಲೆಯನ್ನು ತೊಳೆದು ಬಾಚಿ ತೋರಿಸುವಳು. ತಿಂಗಳು ಮುಗಿಯುವಷ್ಟರಲ್ಲಿ ಪ್ರಯೋಜನವು ಮನವರಿಕೆಯಾಗಿ ನಗರದವರು ಇನ್ನೂ ಹಲವರು ದಾದಿಯರನ್ನು ನೇಮಿಸಿದರು. ೧೯೦೨ರ ಸೆಪ್ಟೆಂಬರಿನಲ್ಲಿ ಶಾಲೆಗಳಿಂದ ಹೊರಗೆ ಕಳುಹಿಸಲ್ಪಟ್ಟ ಸಂದರ್ಭಗಳು ೧೦,೫೬೭. ೧೯೦೩ರ ಸೆಪ್ಟೆಂಬರಿನಲ್ಲಿ ೧,೧೦೧. ಈ ಸಂಖ್ಯೆಯಲ್ಲಿ ಹೇನಲ್ಲದೆ ಇತರ ಬೇನೆಗಳೂ ಸೇರಿವೆಯೆಂಬುದನ್ನು ಮರೆಯಲಾಗದು. ಆದರೂ ಇಳಿತಕ್ಕೆ ಕಾರಣವು ಔಷಧದ ಹೊಸತನವಲ್ಲ. ಚೀಟಿಗೆ ಬದಲಾಗಿ ಮನುಷ್ಯಳೊಬ್ಬಳು ಮನೆಗೆ ಹೋದಳು, ಇಷ್ಟೇ.

ಇಂಗ್ಲೆಂಡಿನ ಶಾಲಾದಾದಿಯರಲ್ಲಿಯೂ ಇಂತಹ ಕರುಣಾಳುಗಳು ಅನೇಕರಿದ್ದರು. ಅವರು ಮನೆಗಳಿಗೆ ಹೋಗುತ್ತಿದ್ದರು. ವಿನಿಗರನ್ನು ಬಿಸಿಮಾಡಿ ಹಚ್ಚಿ ಸೀರನ್ನು ಸಡಿಲಿಸುವುದನ್ನೂ, ಮೇಜಿನ ಮೇಲೆ ಹಳೆಯ ವೃತ್ತಪತ್ರಿಕೆಯನ್ನು ಹಾಸಿ ಅದರ ಮೇಲೆ ತಲೆಯನ್ನು ಬಾಗಿಸಿ ಬಾಚುವುದನ್ನೂ ಕಲಿಸುತ್ತಿದ್ದರು. ಆದರೆ ಸಾವಿರಾರು ತಲೆಗಳನ್ನು ನೋಡಬೇಕಾಗಿದ್ದ ದಾದಿಯನ್ನು ಮಕ್ಕಳು ಕಂಡದ್ದು ಹೆಚ್ಚಾಗಿ ಸಾಲಿನ ಮುಂದೆ ನಿಂತ ಪರೀಕ್ಷಕಿಯಾಗಿಯೇ. ಯಾವ ಮಗುವಿನ ಕೈಗೆ ಚೀಟಿ ಬಂದಿತೆಂಬುದು ತರಗತಿಗೆಲ್ಲ ತಿಳಿಯುತ್ತಿತ್ತು. ಆಕೆಗೆ ಸೀರುದಾದಿಯೆಂಬ ಅರ್ಥದ ಅಡ್ಡಹೆಸರು ಹುಟ್ಟಿ, ದೇಶದಲ್ಲೆಲ್ಲ ಹಬ್ಬಿ, ಇಂದಿಗೂ ಅಲ್ಲಿಯ ವೃದ್ಧರ ನೆನಪಿನಲ್ಲಿ ಉಳಿದಿದೆ.

೫

ಮೂವತ್ತು ವರ್ಷಗಳ ಪರೀಕ್ಷೆಯ ತರುವಾಯ ಹೇನಿನ ಬಾಧೆಯು ಬಹಳ ಮಟ್ಟಿಗೆ ತಗ್ಗಿತೆಂದು ಶಾಲಾವೈದ್ಯರ ವಾರ್ಷಿಕ ವರದಿಗಳು ಹೇಳುತ್ತಿದ್ದುವು. ಆ ಸಮಾಧಾನವನ್ನು ೧೯೩೯ರ ಸೆಪ್ಟೆಂಬರ್ ತಿಂಗಳು ಕದಡಿತು. ಯುದ್ಧವು ಸನ್ನಿಹಿತವಾಗಿರಲು, ಆ ತಿಂಗಳ ಮೊದಲ ಮೂರು ದಿನಗಳಲ್ಲಿ ದೊಡ್ಡ ನಗರಗಳಿಂದ ಸುಮಾರು ಹದಿನೈದು ಲಕ್ಷ ಜನರು, ಅವರಲ್ಲಿ ಹೆಚ್ಚಿನವರು ಶಾಲಾಮಕ್ಕಳು ಹಾಗೂ ಎಳೆಮಕ್ಕಳ ತಾಯಂದಿರು, ಹಳ್ಳಿಗಳಿಗೂ ಸಣ್ಣ ಊರುಗಳಿಗೂ ಸಾಗಿಸಲ್ಪಟ್ಟರು. ಬೇಸಗೆಯ ರಜೆಯು ಆಗತಾನೆ ಮುಗಿಯುವುದರಲ್ಲಿದ್ದುದರಿಂದ ಕೆಲವು ವಾರಗಳಿಂದ ಆ ಮಕ್ಕಳ ತಲೆಯನ್ನು ಯಾವ ದಾದಿಯೂ ನೋಡಿರಲಿಲ್ಲ. ಜನದಟ್ಟಣೆಯ ರೈಲುಬಂಡಿಗಳಲ್ಲಿ ಅವರು ಗಂಟೆಗಟ್ಟಲೆ ಒತ್ತಿಕೊಂಡು ಕುಳಿತಿದ್ದರು.

ಮಕ್ಕಳನ್ನು ಮನೆಗೆ ಕರೆದುಕೊಂಡ ಹಳ್ಳಿಯ ಗೃಹಿಣಿಯರಿಂದ ದೇಶದ ನಾನಾ ಕಡೆಗಳಿಂದ ದೂರುಗಳು ಬಂದುವು. ಪತ್ರಿಕೆಗಳಲ್ಲಿಯೂ ಪಾರ್ಲಿಮೆಂಟಿನಲ್ಲಿಯೂ ಚರ್ಚೆಯಾಯಿತು. ತಾಯಿತಂದೆಗಳನ್ನಗಲಿ ಅಪರಿಚಿತರ ಹೊಸ್ತಿಲಲ್ಲಿ ನಿಂತ ಮಗುವಿಗೆ ಮೊದಲು ದೊರೆತ ಉಪಚಾರವು ತಲೆಯ ಶೋಧನೆ, ಕೆಲವು ವೇಳೆ ಕ್ಷೌರ. ಹೆಣ್ಣುಮಕ್ಕಳಿಗೆ ಇದು ಎಂತಹ ದುಃಖವನ್ನು ತಂದಿತೆಂಬುದನ್ನು ಅವರು ದೊಡ್ಡವರಾದ ತರುವಾಯ ಹೇಳಿಕೊಂಡ ಸ್ಮೃತಿಗಳಿಂದ ತಿಳಿಯಬಹುದು.

ಸರ್ಕಾರದ ಕೋರಿಕೆಯಂತೆ ಕೆನೆತ್ ಮೆಲನ್‌ಬಿ ಎಂಬ ಕೀಟಶಾಸ್ತ್ರಜ್ಞರು ಈ ವಿಷಯವನ್ನು ಪರಿಶೋಧಿಸಿ ೧೯೪೧ರಲ್ಲಿ ತಮ್ಮ ಫಲಿತಾಂಶವನ್ನು ಪ್ರಕಟಿಸಿದರು. ಅವರು ಅನುಸರಿಸಿದ ಮಾರ್ಗವು ಸಂಶೋಧಕರೆಲ್ಲರಿಗೂ ಬೋಧಪ್ರದವಾದುದು. ಶಾಲೆಯ ಲೆಕ್ಕಗಳನ್ನು ಬದಿಗಿಟ್ಟು, ಸಾಂಕ್ರಾಮಿಕ ಜ್ವರದ ಆಸ್ಪತ್ರೆಗಳಿಗೆ ಸೇರಿದವರ ದಾಖಲೆಗಳನ್ನು ಅವರು ತೆಗೆದುಕೊಂಡರು. ಜ್ವರವು ಮುನ್ಸೂಚನೆಯಿಲ್ಲದೆ ಬರುತ್ತದೆ. ಆಸ್ಪತ್ರೆಗೆ ಹೋಗುವ ಮೊದಲು ತಲೆಯನ್ನು ಬಾಚಿ ಸಿದ್ಧಪಡಿಸಲು ಯಾರಿಗೂ ವ್ಯವಧಾನವಿರುವುದಿಲ್ಲ. ಅಲ್ಲಿ ಶಾಲೆಗೆ ಸೇರದ ಎಳೆಮಕ್ಕಳನ್ನೂ ಪರೀಕ್ಷಿಸುತ್ತಾರೆ. ಈ ದಾಖಲೆಗಳಂತೆ ಕೈಗಾರಿಕಾ ನಗರಗಳ ಹುಡುಗಿಯರಲ್ಲಿ ಸುಮಾರು ಅರ್ಧದಷ್ಟು ಮಂದಿಗೆ ಹೇನಿದ್ದಿತು. ಶಾಲಾವರದಿಗಳ ಸಂಖ್ಯೆಯು ಇದಕ್ಕಿಂತ ಬಹಳ ಕಡಿಮೆಯಾಗಿದ್ದಿತು. ಶಾಲೆಗೆ ಕಾಲಿಡದ ಎರಡು ಮೂರು ವರ್ಷದ ಕೂಸುಗಳಲ್ಲಿಯೂ ಹೇನು ವಿಪುಲವಾಗಿದ್ದಿತು.

ಇದರಿಂದ ಸಿದ್ಧವಾದ ಸಂಗತಿಯು ಸರಳವಾದುದು. ಶಾಲೆಯು ತನ್ನ ಹಾಜರಿಪಟ್ಟಿಯಲ್ಲಿದ್ದ ಮಗುವನ್ನು ಮಾತ್ರ ನೋಡುತ್ತಿತ್ತು. ಹೇನಾದರೋ ಕುಟುಂಬದಲ್ಲಿ ವಾಸಿಸುತ್ತಿತ್ತು. ಶುಚೀಕರಣಗೃಹದಲ್ಲಿ ಬಾಚಿಸಿಕೊಂಡು ಮನೆಗೆ ಬಂದ ಹುಡುಗಿಯು ಅದೇ ರಾತ್ರಿ ತಂಗಿಯ ಪಕ್ಕದಲ್ಲಿ, ತಾಯಿಯ ತೋಳಿನ ಮೇಲೆ ತಲೆಯಿಟ್ಟು ಮಲಗುವಳು. ಮತ್ತೆ ಹೇನು ಕಂಡರೆ ಅದನ್ನು ಕಾಯಿದೆಯು ಅಲಕ್ಷ್ಯವೆಂದು ಕರೆಯುವುದು. ಪರೀಕ್ಷೆಯ ಭಯವು ಎಷ್ಟೋ ತಾಯಂದಿರನ್ನು ಎಚ್ಚರಿಸಿದುದು ನಿಜವಾದರೂ, ಎಷ್ಟೋ ಮಂದಿಗೆ ಅದು ಕಲಿಸಿದುದು ಮರೆಮಾಡುವುದನ್ನು. ನೆರೆಮನೆಯವಳಿಗೆ ಎಚ್ಚರಿಕೆ ಹೇಳಿದರೆ ತನ್ನ ಮಾನವೇ ಹೋಗುವುದೆಂದು ಹೆದರಿದ ತಾಯಿಯು ಮೌನವಾಗಿರುವಳು. ನೆರೆಮನೆಯ ಮಕ್ಕಳಿಂದ ಹೇನು ಮತ್ತೆ ಬರುವುದು.

ಇಷ್ಟಾದರೂ ೧೯೪೪ರ ಶಿಕ್ಷಣದ ಕಾಯಿದೆಯು ತನ್ನ ೫೪ನೆಯ ಕಲಮಿನಲ್ಲಿ ಹಳೆಯ ಪರೀಕ್ಷೆ, ನೋಟೀಸು, ಜುಲ್ಮಾನೆಗಳನ್ನು ಉಳಿಸಿಕೊಂಡಿತು. ೧೯೯೬ರ ಕಾಯಿದೆಯಲ್ಲಿಯೂ ಅವು ಪುನಃ ಸೇರಿಸಲ್ಪಟ್ಟುವು.

೬

ಕಾಯಿದೆಯು ಮಾಡಲಾರದುದನ್ನು ರಸಾಯನಶಾಸ್ತ್ರವು ಮಾಡುವುದೆಂಬ ಭರವಸೆಯು ಯುದ್ಧಕಾಲದಲ್ಲಿ ಹುಟ್ಟಿತು. ಅದುವರೆಗೆ ಮನೆಗಳಲ್ಲಿ ಉಪಯೋಗದಲ್ಲಿದ್ದುವು ಸೀಮೆಯೆಣ್ಣೆ, ಸಸಾಫ್ರಾಸ್ ಮರದ ಎಣ್ಣೆ, ಪಾದರಸದ ಲೇಪ ಮೊದಲಾದುವು. ಇವುಗಳಲ್ಲಿ ಮೊದಲನೆಯದರಿಂದ ಬೆಂಕಿಯ ಅಪಾಯ, ಕೊನೆಯದರಿಂದ ವಿಷದ ಅಪಾಯ. ೧೯೪೨ರಲ್ಲಿ ಬಕ್ಸ್‌ಟನ್ ಮತ್ತು ಬಸ್ವೈನ್ ಎಂಬ ವಿಜ್ಞಾನಿಗಳು ಲೀಥೇನ್ ಎಂಬ ರಾಸಾಯನಿಕವನ್ನು ಎಣ್ಣೆಯಲ್ಲಿ ಬೆರಸಿ ಹಚ್ಚುವ ವಿಧಾನವನ್ನು ಬಳಕೆಗೆ ತಂದರು. ಸ್ವಿಟ್ಜರ್ಲೆಂಡಿನ ಪೌಲ್ ಮ್ಯೂಲರ್ ೧೯೩೯ರಲ್ಲಿ ಡಿ.ಡಿ.ಟಿ.ಯ ಕೀಟನಾಶಕ ಗುಣವನ್ನು ಕಂಡುಹಿಡಿದನು. ೧೯೪೩-೪೪ರ ಚಳಿಗಾಲದಲ್ಲಿ ಇಟಲಿಯ ನೇಪಲ್ಸ್ ನಗರದ ಟೈಫಸ್ಸನ್ನು ಅಡಗಿಸಲು ಜನರ ಬಟ್ಟೆಗಳಿಗೆ ಅದನ್ನು ಎರಚಿದುದು ಲೋಕಪ್ರಸಿದ್ಧವಾಯಿತು. ಯುದ್ಧಾನಂತರ ಅದು ಶಾಲಾಮಕ್ಕಳ ತಲೆಗೂ ಬಂದಿತು. ಮನೆಗಳ ಸ್ಥಿತಿಯೂ ಉತ್ತಮಗೊಂಡಿತು. ಹೇನಿನ ಸಂಖ್ಯೆಯು ನಿಜವಾಗಿಯೇ ತಗ್ಗಿತು.

ಆದರೆ ಜಂತುವು ಔಷಧಕ್ಕೆ ಒಗ್ಗಿಕೊಂಡಿತು. ಡಿ.ಡಿ.ಟಿ. ಮತ್ತು ಅದರ ಬಳಗದ ಔಷಧಗಳಿಗೆ ಹೇನು ಜಗ್ಗುವುದಿಲ್ಲವೆಂಬುದು ಇಂಗ್ಲೆಂಡಿನಲ್ಲಿ ೧೯೭೧ರ ವೇಳೆಗೆ ಖಚಿತವಾಯಿತು. ಅದರ ಸ್ಥಾನದಲ್ಲಿ ಮ್ಯಾಲಥಿಯಾನ್, ತರುವಾಯ ಪರ್ಮೆಥ್ರಿನ್ ಬಂದುವು. ೧೯೯೦ರ ದಶಕದಲ್ಲಿ ಅವುಗಳಿಗೂ ಅದೇ ಗತಿಯಾಯಿತು. ಈ ಮಧ್ಯೆ ಶಾಲೆಗಳಲ್ಲಿ ಸಾಲಾಗಿ ನಿಲ್ಲಿಸಿ ತಲೆ ನೋಡುವ ಪದ್ಧತಿಯು ಶತಮಾನದ ಕೊನೆಯ ದಶಕಗಳಲ್ಲಿ ಕ್ರಮೇಣ ನಿಂತುಹೋಯಿತು. ಅವಸರದ ನೋಟದಿಂದ ಅನೇಕ ಹೇನುಗಳು ತಪ್ಪಿಹೋಗುತ್ತವೆ, ಮಗುವಿಗೆ ಅವಮಾನವು ಉಳಿಯುತ್ತದೆ ಎಂಬುದು ಅದಕ್ಕೆ ಹೇಳಿದ ಕಾರಣಗಳಲ್ಲಿ ಮುಖ್ಯವಾದುದು.

ಇಂತು ಕಾಯಿದೆಯೂ ಔಷಧವೂ ಸೋತಲ್ಲಿ ಹಣಿಗೆಯು ಮತ್ತೆ ಕಾಣಿಸಿಕೊಂಡಿತು. ೧೯೮೮ರಲ್ಲಿ ಲಂಡನ್ನಿನಲ್ಲಿ ಹುಟ್ಟಿದ ಒಂದು ಧರ್ಮಸಂಸ್ಥೆಯು ಒದ್ದೆಕೂದಲಿಗೆ ನುಣುಪುಲೇಪವನ್ನು ಹಚ್ಚಿ ಒತ್ತುಹಲ್ಲಿನ ಹಣಿಗೆಯಿಂದ ಬಾಚುವ ಕ್ರಮವನ್ನು ಪ್ರಚಾರಪಡಿಸಿತು. ಇದರ ಗುಟ್ಟು ಕಾಲಗಣನೆಯಲ್ಲಿದೆ. ಸೀರು ಒಡೆಯಲು ಸುಮಾರು ಏಳರಿಂದ ಹತ್ತು ದಿನ. ಮರಿಯು ಬೆಳೆದು ತತ್ತಿಯಿಡಲು ಮತ್ತೆ ಸುಮಾರು ಅಷ್ಟೇ ಕಾಲ. ಆದುದರಿಂದ ನಾಲ್ಕು ದಿನಗಳಿಗೊಮ್ಮೆ, ಎರಡು ವಾರಗಳಲ್ಲಿ ನಾಲ್ಕು ಸಲ, ಮನೆಯವರೆಲ್ಲರ ತಲೆಯನ್ನೂ ನೋಡಿ ಬಾಚಿದರೆ, ಹೊಸ ಮರಿಗಳು ತತ್ತಿಯಿಡುವ ಮೊದಲೇ ಹೊರಗೆ ಬರುತ್ತವೆ. ವೇಲ್ಸಿನಲ್ಲಿ ನಡೆದು ೨೦೦೦ದಲ್ಲಿ ಪ್ರಕಟವಾದ ಪರೀಕ್ಷೆಯಲ್ಲಿ ಮ್ಯಾಲಥಿಯಾನ್ ಹಚ್ಚಿದವರಲ್ಲಿ ನೂರಕ್ಕೆ ೭೮ ಮಂದಿಗೂ ಬಾಚಿಸಿಕೊಂಡವರಲ್ಲಿ ೩೮ ಮಂದಿಗೂ ಗುಣವಾಯಿತು. ೨೦೦೫ರಲ್ಲಿ ಪ್ರಕಟವಾದ ಇನ್ನೊಂದರಲ್ಲಿ, ಸುಧಾರಿಸಿದ ಹಣಿಗೆಯಿಂದ ನೂರಕ್ಕೆ ೫೭, ಅಂಗಡಿಯ ಕೀಟನಾಶಕಗಳಿಂದ ೧೩ ಮಾತ್ರ. ಇವೆರಡನ್ನೂ ಒಟ್ಟಿಗೆ ಓದತಕ್ಕುದು. ಔಷಧದ ಬಲವು ಊರಿಂದೂರಿಗೆ, ಕಾಲದಿಂದ ಕಾಲಕ್ಕೆ ಬದಲಾಗುತ್ತದೆ. ಹಣಿಗೆಯ ಬಲವು ಅದನ್ನು ಹಿಡಿದವರ ತಾಳ್ಮೆಯನ್ನು ಹೊಂದಿಕೊಂಡಿದೆ. ೨೦೦೫ರಿಂದ ಈಚೆಗೆ, ಹೇನನ್ನು ವಿಷದಿಂದಲ್ಲದೆ ಲೇಪದಿಂದಲೇ ಕೊಲ್ಲುವ ಡೈಮೆಥಿಕೋನ್ ಎಂಬ ದ್ರವವೂ ಪ್ರಚಾರಕ್ಕೆ ಬಂದಿದೆ.

೭

ಮಗುವನ್ನು ಹೊರಗಿಡುವ ಪದ್ಧತಿಯ ವಿಷಯವಾಗಿಯೂ ಪ್ರಮಾಣಗಳು ಕೂಡಿಬಂದುವು. ಅಮೆರಿಕದ ಅನೇಕ ಶಾಲೆಗಳು ಇಪ್ಪತ್ತನೆಯ ಶತಮಾನದ ಕೊನೆಯಲ್ಲಿ, ತಲೆಯಲ್ಲಿ ಒಂದು ಸೀರು ಕಂಡರೂ ಮಗುವನ್ನು ಸೇರಿಸಬಾರದೆಂಬ ನಿಯಮವನ್ನು ಮಾಡಿದ್ದುವು. ಜಾರ್ಜಿಯ ಸಂಸ್ಥಾನದ ಅಟ್ಲಾಂಟ ನಗರದ ಶಾಲೆಗಳಲ್ಲಿ ೧,೭೨೯ 	ಮಕ್ಕಳನ್ನು ಪರೀಕ್ಷಿಸಿ ೨೦೦೧ರಲ್ಲಿ ಪ್ರಕಟಿಸಿದ ವರದಿಯಂತೆ, ೨೮ ಮಕ್ಕಳಲ್ಲಿ ಹೇನೂ ೬೩ ಮಕ್ಕಳಲ್ಲಿ ಸೀರು ಮಾತ್ರವೂ ಇದ್ದುವು. ಸೀರು ಮಾತ್ರವಿದ್ದವರಲ್ಲಿ ಐವತ್ತು ಮಕ್ಕಳನ್ನು ಎರಡು ವಾರ ಗಮನಿಸಿದಾಗ ಹೇನು ಕಂಡುಬಂದುದು ಒಂಬತ್ತು ಮಂದಿಯಲ್ಲಿ. ಉಳಿದ ನಲವತ್ತೊಂದು ಮಂದಿಯನ್ನು ಹೊರಗಿಟ್ಟಿದ್ದರೆ, ಇಲ್ಲದ ಹೇನಿಗಾಗಿ ಪಾಠವನ್ನು ಕಳೆದುಕೊಳ್ಳುತ್ತಿದ್ದರು. ಒಡೆದುಹೋದ ಸೀರಿನ ಚಿಪ್ಪು ಕೂದಲಿನೊಡನೆ ತಿಂಗಳುಗಟ್ಟಲೆ ಬೆಳೆಯುತ್ತ ಹೋಗುತ್ತದೆ. ಅದು ಕಳೆದುಹೋದ ಬಾಧೆಯ ಗುರುತು. ಅಮೆರಿಕದ ಮಕ್ಕಳ ವೈದ್ಯರ ಪರಿಷತ್ತು, ಆರೋಗ್ಯವಂತವಾದ ಯಾವ ಮಗುವನ್ನೂ ಹೇನಿನ ಕಾರಣದಿಂದ ಶಾಲೆಯಿಂದ ದೂರವಿಡಕೂಡದೆಂದು ೨೦೧೦ರಲ್ಲಿಯೂ ೨೦೨೨ರಲ್ಲಿಯೂ ಹೇಳಿತು. ಇಂಗ್ಲೆಂಡಿನ ಆರೋಗ್ಯ ಇಲಾಖೆಯ ಈಗಿನ ಸಲಹೆಯೂ ಇದೇ.

ಕನ್ನಡನಾಡಿನ ಮನೆಗಳ ವಾಡಿಕೆಯನ್ನು ಈ ಚರಿತ್ರೆಯ ಪಕ್ಕದಲ್ಲಿಟ್ಟು ನೋಡಬಹುದು. ಮಧ್ಯಾಹ್ನದ ಹೊತ್ತು ಜಗಲಿಯ ಮೇಲೆ ಒಬ್ಬರ ಹಿಂದೊಬ್ಬರು ಕುಳಿತು ತಲೆ ನೋಡುವುದು, ಎಣ್ಣೆ ಹಚ್ಚಿ ಸೀರಣಿಗೆಯಿಂದ ಬಾಚುವುದು ಇಲ್ಲಿಯ ಪ್ರಾಚೀನ ಕ್ರಮ. ಎಣ್ಣೆಯಿಂದ ಹೇನಿನ ಓಟವು ತಡೆಯುವುದೆಂಬುದೂ, ಜಾರಿಕೆಯಿಂದ ಹಣಿಗೆಯು ಬುಡದವರೆಗೆ ಹೋಗುವುದೆಂಬುದೂ ಲಂಡನ್ನಿನ ಒದ್ದೆಕೂದಲಿನ ತತ್ತ್ವವೇ. ಎಲ್ಲ ಮನೆಮದ್ದುಗಳೂ ಹೀಗೆ ನಿರಪಾಯವಾದುವಲ್ಲ. ಸೀತಾಫಲದ ಬೀಜದ ಪುಡಿಯು ಹೇನನ್ನು ಕೊಲ್ಲುವುದಾದರೂ, ಕಣ್ಣಿಗೆ ಬಿದ್ದರೆ ತೀವ್ರವಾದ ಹಾನಿಯನ್ನುಂಟುಮಾಡುವುದೆಂದು ಭಾರತದ ನೇತ್ರವೈದ್ಯರು ಎಚ್ಚರಿಸಿದ್ದಾರೆ. ಜಗಲಿಯ ಕ್ರಮದಲ್ಲಿ ಒಂದು ಕೊರತೆಯೂ ಉಂಟು: ಸೀರು ಒಡೆಯುವ ದಿನಗಳನ್ನು ಎಣಿಸಿ ಮತ್ತೆ ಮತ್ತೆ ಬಾಚುವ ಕಟ್ಟುಪಾಡು ಅದರಲ್ಲಿಲ್ಲ. ಒಂದು ದಿನ ಬಾಚಿ, ಹೇನು ಕಾಣದಾದ ಕೂಡಲೆ ಬಿಟ್ಟುಬಿಡುವುದರಿಂದ ಬಾಧೆಯು ಮರುಕಳಿಸುತ್ತದೆ. ಆದರೆ ಜಗಲಿಯ ಆ ಸಾಲಿನಲ್ಲಿ ಅಪರಾಧಿಯೆಂಬವರು ಯಾರೂ ಇಲ್ಲ. ತಲೆ ನೋಡಿದವಳು ಮುಂದಿನ ಗಳಿಗೆಯಲ್ಲಿ ತನ್ನ ತಲೆಯನ್ನು ಇನ್ನೊಬ್ಬಳ ಕೈಗೆ ಕೊಡುತ್ತಾಳೆ.

ಮೇಲೆ ಹೇಳಿದ ಸಂಗತಿಗಳಿಂದ ಕಂಡುಬರುವ ನಿರ್ಣಯವು ಹೀಗಿದೆ. ಶಾಲೆಯು ಕುಟುಂಬವನ್ನು ತನ್ನ ಎದುರಾಳಿಯೆಂದು ಎಣಿಸಿದಾಗಲೆಲ್ಲ ಹೇನು ಮರೆಯಾಯಿತೇ ಹೊರತು ನಾಶವಾಗಲಿಲ್ಲ, ಮಗುವಿಗೆ ವಿದ್ಯೆಯು ತಪ್ಪಿತು. ಕುಟುಂಬಕ್ಕೆ ಸಾಧನವನ್ನೂ ತಿಳಿವಳಿಕೆಯನ್ನೂ ಒದಗಿಸಿದ ಕಡೆಗಳಲ್ಲಿ, ನ್ಯೂಯಾರ್ಕಿನ ದಾದಿಯ ಕಾಲದಿಂದ ಈಚಿನ ಹಣಿಗೆಯವರೆಗೂ, ಫಲವು ದೊರೆತಿದೆ. ಚರಕನು ಅಶುಚಿತ್ವವೇ ಕಾರಣವೆಂದುದು ತಲೆಯ ಹೇನಿನ ಮಟ್ಟಿಗೆ ಇಂದಿನ ಜ್ಞಾನದಿಂದ ನಿಲ್ಲುವುದಿಲ್ಲ. ಆದರೆ ಚಿಕಿತ್ಸೆಯಲ್ಲಿ ಅವನು ಮೊದಲಿಟ್ಟ ಅಪಕರ್ಷಣವು ನಿಂತಿದೆ. ತರಗತಿಯಲ್ಲಿ ಒಂದು ಮಗುವು ತಲೆಯನ್ನು ಕೆರೆದುಕೊಳ್ಳುವುದನ್ನು ಕಂಡ ಉಪಾಧ್ಯಾಯನು ಮಾಡಬೇಕಾದುದು ಅದನ್ನು ಸಾಲಿನಿಂದ ಎಬ್ಬಿಸುವುದಲ್ಲ. ಆ ದಿನದ ಪಾಠವನ್ನು ಪೂರ್ತಿಯಾಗಿ ಕೇಳಿಸಿ, ಸಂಜೆ ಅದರ ತಾಯಿಗೆ ಮಾತ್ರ ತಿಳಿಯುವಂತೆ ಒಂದು ಮಾತನ್ನು ಹೇಳಿ ಕಳುಹಿಸುವುದು.